ನಮ್ಮ ಕ್ವಾರಿಗೆ ಒಳ್ಳೇ ಮಣ್ಣು ಬೇಡ

ಜೂನ್ ತಿಂಗಳು. ಬೀ ಆರ್ಕಿಡ್ ಅರಳಿದ್ದ ಸಮಯ. ಕ್ವಾರಿಯ ಗೇಟಿಗೆ ಒಂದು ಟಿಪ್ಪರ್ ಬಂತು, ತುಂಬಾ ಕಪ್ಪು ಟಾಪ್‌ಸಾಯಿಲ್. ಬರಡಾಗಿ ಕಾಣುವ ಜಾಗಕ್ಕೆ ಮಣ್ಣು ಹಾಕಿಸೋಣ ಅಂತ ಹೆಡ್ ಆಫೀಸಿನವರು ಆರ್ಡರ್ ಮಾಡಿದ್ದರು. ಸೈಟಿನಲ್ಲಿರುವ ನಮ್ಮನ್ನು ಒಂದು ಮಾತೂ ಕೇಳಿರಲಿಲ್ಲ.

ನಾನು ಕೆಲಸ ಮಾಡುವುದು ಇಂಗ್ಲೆಂಡಿನಲ್ಲಿ. ಸುಣ್ಣಕಲ್ಲು ತೆಗೆದು ಬಿಟ್ಟ ಹಳೇ ಕ್ವಾರಿ, ಈಗ ಕಾಡುಹೂಗಳ ಹುಲ್ಲುಗಾವಲು.

ಡ್ರೈವರ್ ರಿವರ್ಸ್ ತೆಗೆದುಕೊಂಡು ತೊಟ್ಟಿ ಎತ್ತಲು ಶುರು ಮಾಡಿಯೇಬಿಟ್ಟ. ಓಡಿಹೋಗಿ ಬಾಗಿಲು ಬಡಿದೆ. ಚೀಟಿಯಲ್ಲಿ ಇದೇ ಜಾಗ ಬರೆದಿದೆ, ಸೈನ್ ಹಾಕಿ ಅಂದ. ಅವನದೇನೂ ತಪ್ಪಿಲ್ಲ. ಕ್ವಾರಿಯ ತಳದಲ್ಲಿ ಸಿಗ್ನಲ್ ಸಿಗುವುದಿಲ್ಲ. ಮೇಲೆ ಹತ್ತಿ ಫೋನ್ ಮಾಡಿ ಬರುವಷ್ಟರಲ್ಲಿ ಸುರಿದುಬಿಟ್ಟರೆ? ತೊಟ್ಟಿಯ ಅಂಚಿನಿಂದ ಆಗಲೇ ಹೆಂಟೆ ಉದುರುತ್ತಿತ್ತು. ಕೆಳಗಿಳಿದು ಬನ್ನಿ ಅಂತ ಕರೆದು ಆರ್ಕಿಡ್ ಪಕ್ಕ ಕೂರಿಸಿದೆ. ಗುಲಾಬಿ ಎಸಳು, ನಡುವೆ ಜೇನುಹುಳ ಕೂತ ಹಾಗೆ ಕಂದು ತುಟಿ. ಬುಡದಲ್ಲಿ ಬೆರಳೂರಿದರೆ ಉಗುರಿಗೆ ಕಲ್ಲೇ ತಾಗುತ್ತದೆ. ಅವನೂ ಬೆರಳೂರಿ ನೋಡಿದ. ಎದ್ದು ಹೋಗಿ ತೊಟ್ಟಿ ಇಳಿಸಿದ. ಲೋಡ್ ಬೇಡ ಅಂತ ಚೀಟಿಯಲ್ಲಿ ಬರೆದು ಸೈನ್ ಹಾಕಿದೆ.

ಸಾರ ಇಲ್ಲದ ಈ ತೆಳು ಮಣ್ಣೇ ನಮ್ಮ ಆಸ್ತಿ. ಫಲವತ್ತಾದ ಮಣ್ಣು ಬಿದ್ದರೆ ಒರಟು ಹುಲ್ಲು, ತುರಿಕೆ ಗಿಡ ಎದ್ದು ಸಣ್ಣ ಹೂಗಿಡಗಳನ್ನು ಮುಚ್ಚಿಹಾಕುತ್ತವೆ. ಅದಕ್ಕೇ ಬೀಜ ಉದುರಿದ ಮೇಲೆ ಹುಲ್ಲು ಕೊಯ್ದು, ಪೂರ್ತಿ ರೇಕ್ ಮಾಡಿ, ಅಂದರೆ ಬಾಚಿ ತೆಗೆದು, ಹೊರಗೆ ಸಾಗಿಸುತ್ತೇವೆ. ಅಲ್ಲೇ ಬಿಟ್ಟರೆ ಕೊಳೆತು ಗೊಬ್ಬರ ಆಗುತ್ತದೆ ಅಲ್ವಾ? ಯೆಲ್ಲೋ ರ್‍ಯಾಟಲ್ ಅನ್ನುವ ಗಿಡವೂ ಹುಲ್ಲಿನ ಬೇರಿಗೆ ಬೇರು ತಗುಲಿಸಿ ಸಾರ ಹೀರಿ ನಮಗೆ ನೆರವಾಗುತ್ತದೆ.

ಇದು ನಮ್ಮ ಸೈಟಿನ ಕಥೆ ಮಾತ್ರ ಅಲ್ಲ. ಪೀಟರ್‌ಬರೋ, ಈಲಿ ಕೆಥೆಡ್ರಲ್‌ಗಳಿಗೆ ಕಲ್ಲು ಕೊಟ್ಟ ಬಾರ್ನಾಕ್‌ನ ಹಳೇ ಕ್ವಾರಿಯಲ್ಲಿ ಇವತ್ತು ನೇರಳೆ ಬಣ್ಣದ ಪಾಸ್ಕ್ ಹೂ ಅರಳುವುದು ಆ ಕಾಲದ ಕಲ್ಲುಪುಡಿಯ ದಿಬ್ಬಗಳ ಮೇಲೆ. ಡರ್ಹಮ್‌ನ ಬಿಷಪ್ ಮಿಡಲ್‌ಹ್ಯಾಮ್ ಅನ್ನುವ ಊರಿನ ಕ್ವಾರಿಯಲ್ಲಿ 1934ರಲ್ಲಿ ಕಲ್ಲು ತೆಗೆಯುವುದು ನಿಂತಿತು. ಈಗ ಅಲ್ಲಿ ಕಡುಗೆಂಪು ಹೆಲೆಬೊರೀನ್ ಆರ್ಕಿಡ್ ಬೆಳೆಯುತ್ತದೆ. 2002ರಲ್ಲಿ ಅಲ್ಲಿ ಜೇನುಹಿಡುಕ ಹಕ್ಕಿಗಳು ಗೂಡು ಕಟ್ಟಿ ಮರಿ ಮಾಡಿದವು.

ಲೋಡ್ ವಾಪಸ್ ಹೋದದ್ದಕ್ಕೆ ಹೆಡ್ ಆಫೀಸಿನಿಂದ ಸಿಟ್ಟಿನ ಮೇಲ್ ಬಂತು. ಇದು ಎಸ್‌ಎಸ್‌ಎಸ್‌ಐ, ಅಂದರೆ ಕಾನೂನಿನ ರಕ್ಷಣೆ ಇರುವ ಪ್ರಕೃತಿ ತಾಣ, ಮಣ್ಣು ಸುರಿಯಲು ಪ್ರಕೃತಿ ರಕ್ಷಣೆಯ ಸರ್ಕಾರಿ ಸಂಸ್ಥೆ ನ್ಯಾಚುರಲ್ ಇಂಗ್ಲೆಂಡ್‌ನ ಒಪ್ಪಿಗೆ ಬೇಕು ಅಂತ ಬರೆದೆ. ಆಮೇಲೆ ಮೇಲ್ ನಿಂತವು. ಹೂವಿನ ಬಗ್ಗೆ ಪುಟಗಟ್ಟಲೆ ಬರೆದಾಗ ಓದದವರು ಕಾನೂನಿನ ಒಂದು ಸಾಲು ಓದುತ್ತಾರೆ. ನೀವೂ ಇಂಥ ಸೈಟಿನಲ್ಲಿ ಕೆಲಸ ಮಾಡುವವರಾದರೆ, ಒಪ್ಪಿಗೆ ಬೇಕು ಅನ್ನುವ ಪತ್ರದ ಪ್ರತಿ ಗೇಟಿನಲ್ಲೇ ಇಟ್ಟುಕೊಳ್ಳಿ.

ಆಗಸ್ಟಿನ ರೇಕಿಂಗ್‌ಗೆ ಜನ ಕೇಳಿದರೆ ದುಡ್ಡಿಲ್ಲ ಅಂದಿದ್ದರು. ಆ ಮಣ್ಣಿಗೆ ತೆಗೆದಿಟ್ಟ ದುಡ್ಡನ್ನೇ ಕೊಡಿ ಅಂತ ಮತ್ತೆ ಬರೆದಿದ್ದೇನೆ.