ಬೆಳಕಲ್ಲಿ ಮುಳುಗಿದ ಲೋಕ

13 ಜುಲೈ 2025, ಭಾನುವಾರ

ಫೈನಲ್ ಫ್ಯಾಂಟಸಿ 14 ಅನ್ನೋ ಆನ್‌ಲೈನ್ ಗೇಮ್‌ನ ಶ್ಯಾಡೋಬ್ರಿಂಗರ್ಸ್ ಮೇನ್ ಸ್ಟೋರಿ ಇವತ್ತು ಮಧ್ಯಾಹ್ನ ಮುಗೀತು. 2019ರ ಎಕ್ಸ್‌ಪಾನ್ಷನ್ ಇದು (ಗೇಮ್‌ಗೆ ಆಮೇಲೆ ಸೇರಿಸಿದ ಹೊಸ ಕಥೆ), ಬಹಳ ಜನ ಆಡಿ ಮುಗಿಸಿ ಮರ್ತೂ ಬಿಟ್ಟಿರ್ತಾರೆ, ಆದ್ರೂ ಬರೀದೆ ಇರಕ್ಕೆ ಆಗ್ತಿಲ್ಲ. ಪೂರ್ತಿ ಸ್ಪಾಯ್ಲರ್ ಇದೆ, ಮುಂದೆ ಆಡ್ಬೇಕು ಅಂತಿರೋರು ಇಲ್ಲೇ ನಿಲ್ಸಿ ಪ್ಲೀಸ್.

ಗೇಮ್‌ನ ಮೂಲ ಲೋಕ ಸೋರ್ಸ್. ಅದರದ್ದೇ ಒಂದೊಂದು ಚೂರಿನ ಥರ ಹದಿಮೂರು ಲೋಕಗಳಿದ್ವು, ಅದರಲ್ಲಿ ಒಂದು ದಿ ಫಸ್ಟ್. ನೂರು ವರ್ಷದ ಹಿಂದೆ ಅಲ್ಲಿ ಆಗಿದ್ದೇ ಫ್ಲಡ್ ಆಫ್ ಲೈಟ್, ಬೆಳಕಿನ ಪ್ರಳಯ. ಬೆಳಕು ಗೋಡೆ ಥರ ಎದ್ದು ಊರು ಕಾಡು ಸಮುದ್ರ ಅಂತ ನೋಡ್ದೆ ಎಲ್ಲಾನೂ ನುಂಗ್ಕೊಂಡು ಬಂತು, ಕೊನೆಗೆ ಮಿನ್‌ಫಿಲಿಯಾ ಅನ್ನೋಳು ತನ್ನನ್ನೇ ಕೊಟ್ಟು ತಡೆದಾಗ ಉಳಿದಿದ್ದು ನಾರ್ವ್ರಾಂಟ್ ಅನ್ನೋ ಪ್ರದೇಶ ಮಾತ್ರ. ಆಮ್ ಅರೆಂಗ್ ಮರುಭೂಮಿಯ ಅಂಚಿಗೆ ಹೋದ್ರೆ ಆ ಅಲೆ ಹೆಪ್ಪುಗಟ್ಟಿ ನಿಂತಿರೋದು ಈಗ್ಲೂ ಕಾಣತ್ತೆ, ಅದರಾಚೆ ಇರೋದಕ್ಕೆ ಎಂಪ್ಟಿ ಅಂತಾರೆ, ಅಲ್ಲಿ ಎಲ್ಲಾ ಬಿಳಿ, ಒಂದು ಹುಲ್ಲೂ ಹುಟ್ಟಲ್ಲ.

ನಂಗೆ ಜಾಸ್ತಿ ಭಯ ಆಗಿದ್ದು ಇದರ ನಿಯಮ ನೋಡಿ. ಆ ಲೋಕದಲ್ಲಿ ಕತ್ತಲೆ ಗುಣ ಚಲನೆ, ಬೆಳಕಿನ ಗುಣ ನಿಶ್ಚಲತೆ. ಎರಡೂ ಬೇಕು, ಯಾವುದು ಮಿತಿ ಮೀರಿದ್ರೂ ನಾಶಾನೇ. ಹದಿಮೂರನೇ ಲೋಕ ಕತ್ತಲಲ್ಲಿ ಮುಳುಗಿ ವಾಯ್ಡ್ ಆಗಿ ಹೋಯ್ತು. ಇಲ್ಲಿ ಅದರ ಉಲ್ಟಾ, ಬೆಳಕು ಹೆಚ್ಚಾಗ್ತಾ ಹೆಚ್ಚಾಗ್ತಾ ಎಲ್ಲಾನೂ ಇದ್ದಲ್ಲೇ ನಿಂತುಬಿಡತ್ತೆ. ಇಷ್ಟು ದಿನ ಆಡಿದ ಸೋರ್ಸ್‌ನಲ್ಲಿ ಗೇಮ್‌ನ ಒಂದು ದಿನ ಅಂದ್ರೆ ನಮ್ಮ 70 ನಿಮಿಷ, ಹಗಲು ರಾತ್ರಿ ತಿರುಗ್ತಾ ಇರತ್ತೆ, ನಾವು ಗಮನಿಸೋದೂ ಇಲ್ಲ. ನಾರ್ವ್ರಾಂಟ್‌ಗೆ ಬಂದ್ಮೇಲೆ ಎಷ್ಟೊತ್ತಾದ್ರೂ ಆಕಾಶ ಅದೇ ಬಿಳಿ, ಯಾವಾಗ ಲಾಗಿನ್ ಆದ್ರೂ ಅದೇ ಬೆಳಕು, ಸ್ವಲ್ಪ ಹೊತ್ತಿಗೆ ಕಣ್ಣು ಸುಸ್ತಾಗಿ ನಂಗೇ ರಾತ್ರಿ ಬೇಕು ಅನ್ಸಕ್ಕೆ ಶುರುವಾಯ್ತು.

ಈ ಬೆಳಕಿಂದ ಹುಟ್ಟಿರೋ ಪ್ರಾಣಿಗಳು ಸಿನ್ ಈಟರ್‌ಗಳು, ನೋಡಕ್ಕೆ ಬಿಳಿ ಅಮೃತಶಿಲೆ ವಿಗ್ರಹದ ಥರ, ಕೆಲವಕ್ಕೆ ರೆಕ್ಕೆ ಬೇರೆ. ಅವುಗಳಿಂದ ಗಾಯ ಆದವರು ನಿಧಾನಕ್ಕೆ ತಾವೇ ಸಿನ್ ಈಟರ್ ಆಗ್ತಾರೆ. ಅಂಥವರನ್ನ ನೋಡ್ಕೊಳ್ಳೋ ಒಂದು ಜಾಗ ಇದೆ ಆಮ್ ಅರೆಂಗ್‌ನಲ್ಲಿ, ಗುಣ ಆಗಲ್ಲ ಅಂತ ಗೊತ್ತಿದ್ದೂ ಸೇವೆ ಮಾಡ್ತಾರೆ, ಕೊನೇ ಘಳಿಗೆ ಬಂದಾಗ ರೋಗಿಗೆ ಇಷ್ಟವಾದ ಅಡುಗೆ ಮಾಡಿ ಅದರಲ್ಲೇ ವಿಷ ಹಾಕಿ ತಿನ್ನಿಸ್ತಾರೆ. ಅಲ್ಲಿ ಕೆಲಸ ಮಾಡೋ ಟೆಸ್ಲೀನ್ ಒಂದು ಹುಡುಗನ್ನ ಉಳಿಸಕ್ಕೆ ಹೋಗಿ ನಮ್ಮ ಕಣ್ಣೆದುರೇ ರೆಕ್ಕೆ ಬಂದು ಹಾರಿ ಹೋಗ್ತಾಳೆ. ಆಮೇಲೆ ಹೋಲ್ಮಿನ್‌ಸ್ಟರ್ ಡಂಜನ್‌ನಲ್ಲಿ (ತಂಡವಾಗಿ ಹೋರಾಡೋ ಜಾಗ) ಬಾಸ್ ಆಗಿ, ಅಂದ್ರೆ ದೊಡ್ಡ ಎದುರಾಳಿಯಾಗಿ, ಅವಳೇ ಎದುರು ಬರ್ತಾಳೆ, ಹೊಡೀಲೇಬೇಕು, ಬೇರೆ ದಾರಿ ಇಲ್ಲ. ತುಂಬಾ ಸಂಕಟ ಆಯ್ತು.

ಅದೇ ಡಂಜನ್ ಕೊನೇಲಿ ಫಿಲಿಯಾ ಅನ್ನೋ ಲೈಟ್‌ವಾರ್ಡನ್ ಸಾಯತ್ತೆ. ಲೈಟ್‌ವಾರ್ಡನ್ ಅಂದ್ರೆ ಒಂದೊಂದು ಸೀಮೆಯ ಬೆಳಕನ್ನ ಹಿಡಿದಿಟ್ಕೊಂಡಿರೋ ದೊಡ್ಡ ಸಿನ್ ಈಟರ್, ಬೇರೆ ಯಾರಾದ್ರೂ ಕೊಂದ್ರೆ ಆ ಬೆಳಕು ಕೊಂದವರೊಳಗೇ ಹೊಕ್ಕು ಅವರನ್ನೇ ಹೊಸ ವಾರ್ಡನ್ ಮಾಡತ್ತೆ, ನಮ್ಮ ಪಾತ್ರಕ್ಕೆ ಮಾತ್ರ ಅದನ್ನ ತಡ್ಕೊಳ್ಳೋ ಶಕ್ತಿ. ಫಿಲಿಯಾ ಸತ್ತಾಗ ಲೇಕ್‌ಲ್ಯಾಂಡ್ ಅನ್ನೋ ಸೀಮೆ ಮೇಲೆ ಆಕಾಶ ಒಡೆದು ರಾತ್ರಿ ಆಗತ್ತೆ, ನೂರು ವರ್ಷದಲ್ಲಿ ಮೊದಲ ಸಲ ನಕ್ಷತ್ರ. ಹುಟ್ಟಿದಾಗಿಂದ ಕತ್ತಲೇ ನೋಡಿರದ ಜನ ತಲೆ ಎತ್ತಿ ನಿಂತಿರ್ತಾರೆ. ನಾನು ಅತ್ತುಬಿಟ್ಟೆ, ನಿಜವಾಗ್ಲೂ.

ಆದ್ರೆ ಇವತ್ತಿನ ಈ ಪೋಸ್ಟ್ ಬರೆದಿದ್ದು ದಿ ಫಸ್ಟ್‌ನ ಹಳೇ ವೀರ ಆರ್ಡ್‌ಬರ್ಟ್‌ಗೋಸ್ಕರ. ಎಲ್ಲರೂ ಕಥೆಯ ಖಳನಾಯಕ ಎಮೆಟ್-ಸೆಲ್ಕ್ ಬಗ್ಗೆನೇ ಮಾತಾಡ್ತಾರೆ, ಅವನ ದುಃಖ ದೊಡ್ಡದು ಅಂತ, ಒಪ್ತೀನಿ, ಆದ್ರೆ ನನ್ನ ಪ್ರಕಾರ ಈ ಕಥೇಲಿ ಅತಿ ಹೆಚ್ಚು ಅನ್ಯಾಯ ಆಗಿರೋದು ಆರ್ಡ್‌ಬರ್ಟ್ ಮತ್ತೆ ಅವನ ಜೊತೆಗಾರರಿಗೆ. ಅವರು ಮಾಡಿದ್ದಾದ್ರೂ ಏನು, ಕಷ್ಟದಲ್ಲಿದ್ದವರಿಗೆ ಸಹಾಯ ಮಾಡ್ತಾ ಹೋಗಿ ಕೊನೆಗೆ ಕತ್ತಲೆ ಕಡೆಯ ಅಸಿಯನ್ (Ascian) ಅನ್ನೋ ಖಳರನ್ನ ಸೋಲಿಸಿದ್ರು, ಆ ಗೆಲುವಿಂದಲೇ ಸಮತೋಲನ ತಪ್ಪಿ ಬೆಳಕು ಉಕ್ಕಿತು. ತಮ್ಮ ಲೋಕ ಉಳಿಸಕ್ಕೆ ಪ್ರಾಣ ಬಿಟ್ಟು ಸೋರ್ಸ್‌ವರೆಗೂ ಬಂದ್ರು. ವಾಪಸ್ ಹೋದ್ಮೇಲೆ ನಾಲ್ಕು ಜನ ಉಳಿದ ಶಕ್ತಿ ಎಲ್ಲಾ ಮಿನ್‌ಫಿಲಿಯಾಗೆ ಕೊಟ್ಟು ಇಲ್ಲವಾದ್ರು, ಆರ್ಡ್‌ಬರ್ಟ್ ಒಬ್ಬನೇ ಯಾರ ಕಣ್ಣಿಗೂ ಕಾಣದ ಆತ್ಮವಾಗಿ ನೂರು ವರ್ಷ ಅಲೆದ. ತಾವೇ ಉಳಿಸಿದ ನೆಲದಲ್ಲಿ ತಮ್ಮ ಹೆಸರನ್ನ ಖಳನಾಯಕರ ಥರ ಬೈಯೋದನ್ನ ಕೇಳ್ಕೊಂಡು ತಿರುಗಾಡಿದ, ಅವರು ಬಿಟ್ಟುಹೋದ ದೇಹಗಳೂ ಸಿನ್ ಈಟರ್ ಆಗಿ ಜನರನ್ನ ಕೊಂದ್ವು ಅಂತ ರೋಲ್ ಕ್ವೆಸ್ಟ್‌ಗಳಲ್ಲಿ (ನಾವು ಆಡೋ ಪಾತ್ರದ ಬಗೆಗೆ ತಕ್ಕ ಉಪಕಥೆಗಳು) ಗೊತ್ತಾಗತ್ತೆ. ಇಷ್ಟಾದ್ರೂ ನಮ್ಮ ಪಾತ್ರ ಐದು ವಾರ್ಡನ್‌ಗಳ ಬೆಳಕು ತುಂಬ್ಕೊಂಡು ಒಡೆದು ಹೋಗೋ ಸ್ಥಿತಿಗೆ ಬಂದಾಗ ತನ್ನನ್ನೇ ಕೊಟ್ಟು ಉಳಿಸೋನು ಅವನೇ. ಕಹಿ ಅನ್ನೋದು ಅವನಲ್ಲಿ ಉಳಿದೇ ಇರಲ್ಲ, ಅದು ಹೇಗೆ ಸಾಧ್ಯ ಅಂತ ಮಧ್ಯಾಹ್ನದಿಂದ ಯೋಚಿಸ್ತಿದ್ದೀನಿ.

ರೋಲ್ ಕ್ವೆಸ್ಟ್‌ಗಳಲ್ಲಿ ನಂದು ಟ್ಯಾಂಕ್‌ದು (ಮುಂದೆ ನಿಂತು ಏಟು ತಡ್ಕೊಳ್ಳೋ ಬಗೆ) ಮಾತ್ರ ಆಗಿದೆ, ಅಂದ್ರೆ ಆ ನಾಲ್ಕು ಜೊತೆಗಾರರಲ್ಲಿ ಬ್ರಾಂಡೆನ್ ಕಥೆ ಗೊತ್ತು, ಲಾಮಿಟ್, ರೆಂಡಾ-ರೇ, ನೈಲ್‌ಬರ್ಟ್ ಬಾಕಿ. ಲಾಮಿಟ್ ಕಥೆಗೆ ಹೀಲರ್ (ಗಾಯ ವಾಸಿ ಮಾಡೋ ಬಗೆ) ಆಡ್ಬೇಕು, ಅದು ನಂಗೆ ಬರಲ್ಲ, ನಮ್ಮ ಕಡೆಯಿಂದ ಪಿಂಗ್ (ಸರ್ವರ್ ತಲುಪೋ ತಡ) ಬೇರೆ ಜಾಸ್ತಿ, ಪರವಾಗಿಲ್ಲ ಕಲೀತೀನಿ. ಈ ನಾಲ್ಕು ಜನರ ಮೇಲಿನ ಆರೋಪ ಪೂರ್ತಿ ತೊಳೆದು ಹೋಗೋದನ್ನ ನೋಡದೆ ಮುಂದಿನ ಎಕ್ಸ್‌ಪಾನ್ಷನ್ ಮುಟ್ಟಲ್ಲ. ನಾಳೆ ಲಾಮಿಟ್‌ಳಿಂದ ಶುರು.