ಗೌರಿ ಹಬ್ಬದ ಸಹಿ

ನಿನ್ನೆ ರಾತ್ರಿ ಟಿವಿಯಲ್ಲಿ ಚರ್ಚೆ. ವಿಷಯ, ಬದಲಾದ ಕಾಲ ಮತ್ತು ಹೆಣ್ಣುಮಕ್ಕಳು.

ಪರದೆ ತುಂಬ ಗಂಡಸರು, ಎಲ್ಲರೂ ಒಟ್ಟಿಗೇ ಕೂಗಾಟ. ಕೆಳಗಿನ ಮೂಲೆಯಲ್ಲಿ ಒಬ್ಬರು ವಕೀಲೆ. ಕ್ಲಾಸಲ್ಲಿ ಕೈ ಎತ್ತಿದ ಹುಡುಗಿ ಥರ ಪೆನ್ನು ಎತ್ತಿ ಹಿಡಿದು ಕಾಯ್ತಾನೇ ಇದ್ರು.

ಅಂತೂ ಮಾತು ಸಿಕ್ತು. ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಸಮಪಾಲು ಅಂತ ಕರ್ನಾಟಕ 1994ರಲ್ಲೇ ಕಾನೂನು ತಂತು, ಆದ್ರೆ ಅದಕ್ಕೂ ಮೊದಲು ಮದುವೆಯಾದವರನ್ನ ಹೊರಗಿಟ್ಟಿತ್ತು ಅಂದ್ರು. 2005ರ ಕೇಂದ್ರದ ತಿದ್ದುಪಡಿಯಿಂದ ಅವರಿಗೂ ಹಕ್ಕು ಬಂತು. ಆಗ ಅಪ್ಪ ಬದುಕಿರಲೇಬೇಕು ಅಂತೇನಿಲ್ಲ ಅಂತ 2020ರಲ್ಲಿ ಸುಪ್ರೀಂ ಕೋರ್ಟ್...

ಬ್ರೇಕ್! ಡಿಟರ್ಜೆಂಟ್ ಜಾಹೀರಾತು.

ಅವರೆಕಾಯಿ ಬಿಡಿಸ್ತಿದ್ದ ಅಮ್ಮನ ಕೈ ನಿಂತಿತ್ತು. ಅವಳ ಮದುವೆ ಆಗಿದ್ದು 1991ರಲ್ಲಿ.

"ಅಲ್ವೋ, ನಿನ್ನ ಮಾವ ಒಂದ್ ವರ್ಷ ಗೌರಿ ಹಬ್ಬಕ್ಕೆ ರೇಷ್ಮೆ ಸೀರೆ ತಂದು ಸಹಿ ಹಾಕಿಸ್ಕೊಂಡ್ನಲ್ಲ, ಇದಕ್ಕೇನಾ?"

ಏನಂತ ಹೇಳ್ಲಿ? ಮಾವ ಕೆಟ್ಟೋನಲ್ಲ. ಪ್ರತಿ ವರ್ಷ ತಪ್ಪದೆ ಬಾಗಿನ ತರ್ತಾನೆ. ಸಮಸ್ಯೆ ಇರೋದೂ ಅಲ್ಲೇ ಅನ್ಸುತ್ತೆ, ಬಾಗಿನ ತರೋ ಅಣ್ಣನ ಹತ್ರ ಪಾಲು ಕೇಳೋಕೆ ಯಾವ ತಂಗಿಗೆ ಬಾಯಿ ಬರುತ್ತೆ?

ಬ್ರೇಕ್ ಮುಗಿಯೋ ಹೊತ್ತಿಗೆ ಚರ್ಚೆ ಹುಡುಗೀರ ಜೀನ್ಸ್ ಪ್ಯಾಂಟಿಗೆ ಬಂದಿತ್ತು.

ನಿಮ್ಮ ಮನೇಲಿ ಅಕ್ಕ-ತಂಗೀರ ಸಹಿ ಯಾವ ಹಬ್ಬಕ್ಕೆ ತಗೊಂಡ್ರು?