ಬುಲ್ಬುಲಿ ಖಾನಾದ ಎರಡು ಗೋರಿಗಳು

ದೆಹಲಿಗೆ ಹೋದವರು ನೋಡುವುದನ್ನೆಲ್ಲ ನಾವೂ ನೋಡಿದೆವು. ಕೆಂಪುಕೋಟೆ ಆಯಿತು, ರಾಜಘಾಟ್ ಆಯಿತು, ಆಗ್ರಾಕ್ಕೂ ಹೋಗಿ ಬಂದೆವು. ಅದೆಲ್ಲ ನಿಮಗೂ ಗೊತ್ತು, ಬಿಡಿ. ನಾನು ಬರೆಯಲು ಕೂತಿದ್ದು ಹದಿಮೂರನೇ ಶತಮಾನದಲ್ಲಿ ದೆಹಲಿಯನ್ನು ಆಳಿದ ರಜಿಯಾ ಸುಲ್ತಾನಳ ಗೋರಿಯ ಬಗ್ಗೆ.

ನನ್ನ ಜೊತೆಗಿದ್ದವರು ನಮ್ಮ ವೈನಿ, ಅಂದರೆ ಅತ್ತಿಗೆ. ಅವರಿಗೆ ರಜಿಯಾ ಅಂದರೆ ಹೇಮಾಮಾಲಿನಿ. 1983ರಲ್ಲಿ ಕಮಾಲ್ ಅಮ್ರೋಹಿ ತೆಗೆದ ಚಿತ್ರವದು. ಸುರಿದ ದುಡ್ಡು ವಾಪಸ್ ಬರಲಿಲ್ಲ, ಆದರೆ ಖಯ್ಯಾಮ್ ಸಂಗೀತದ ಹಾಡು ಮಾತ್ರ ಉಳಿದುಕೊಂಡಿತು. ಅದರಲ್ಲಿ ಧರ್ಮೇಂದ್ರ ಮುಖಕ್ಕೆಲ್ಲ ಕಪ್ಪು ಬಳಿದುಕೊಂಡು ಯಾಕೂತ್ ಎಂಬ ಹಬ್ಷಿಯ, ಅಂದರೆ ಆಫ್ರಿಕಾ ಮೂಲದವನ ಪಾತ್ರ ಮಾಡಿದ್ದಾನೆ. ಸುಲ್ತಾನಳಿಗೂ ಅವನಿಗೂ ಪ್ರೇಮ. ಇಷ್ಟೇ ಕಥೆ ಅಂತ ವೈನಿ ನಂಬಿದ್ದರು. ವೈನಿ ಒಬ್ಬರೇ ಏನಲ್ಲ, ಬಹಳ ಜನ ನಂಬಿರುವುದು ಅದನ್ನೇ.

ಕುತುಬ್ ಮಿನಾರಿನ ಆವರಣದಲ್ಲಿ ರಜಿಯಾಳ ಅಪ್ಪ ಇಲ್ತುತ್ಮಿಶ್‌ನ ಗೋರಿ ಇದೆ. ಒಳಗೋಡೆಯ ಮೇಲೆ ಬೆರಳಿಡಲೂ ಖಾಲಿ ಜಾಗ ಬಿಡದಂತೆ ಕೆತ್ತಿದ್ದಾರೆ. ಮೇಲೆ ಗುಮ್ಮಟ ಮಾತ್ರ ಉಳಿದಿಲ್ಲ, ಬಿಸಿಲು ನೇರ ಗೋರಿಯ ಮೇಲೆ ಬೀಳುತ್ತದೆ. ಈ ಸುಲ್ತಾನ ಗ್ವಾಲಿಯರ್ ಗೆದ್ದು ಬಂದ ಮೇಲೆ ತನ್ನ ನಂತರ ಮಗಳೇ ಆಳಲಿ ಎಂದು ಬರೆಸಿದ. ಗಂಡುಮಕ್ಕಳು ಇದ್ದರಲ್ಲ ಎಂದು ಆಸ್ಥಾನದವರು ಕೇಳಿದ್ದಕ್ಕೆ, ಅವರು ಮೋಜಿನಲ್ಲಿ ಮುಳುಗಿದ್ದಾರೆ, ಅವರಿಂದ ಆಗದು ಎಂದನಂತೆ. ಆದರೂ 1236ರಲ್ಲಿ ಅವನು ಸತ್ತಾಗ ಅಮೀರರು, ಅಂದರೆ ದರ್ಬಾರಿನ ಸರದಾರರು, ಮಗನನ್ನೇ ಕೂರಿಸಿದರು. ಆರೇಳು ತಿಂಗಳಲ್ಲಿ ಅವನ ಬಂಡವಾಳ ಬಯಲಾಯಿತು. ಆಗ ರಜಿಯಾ ಬಂದಳು.

ಮಗಳ ಗೋರಿ ಎಲ್ಲಿದೆ ಎಂದು ನಾನು ಅಲ್ಲಿ ಕೇಳಿದವರಲ್ಲಿ ಯಾರಿಗೂ ಗೊತ್ತಿರಲಿಲ್ಲ. ಅದು ಹಳೇ ದೆಹಲಿಯಲ್ಲಿ, ತುರ್ಕಮಾನ್ ಗೇಟಿನ ಒಳಗೆ, ಬುಲ್ಬುಲಿ ಖಾನಾ ಎಂಬ ಮೊಹಲ್ಲಾದಲ್ಲಿದೆ. ಒಂದು ಮಾತು ಹೇಳಿಬಿಡುತ್ತೇನೆ, ಯಾಕೆಂದರೆ ಇನ್ನೂ ಹೊಟ್ಟೆ ಉರಿಯುತ್ತಿದೆ. ಡೆಲ್ಲಿ ಗೇಟ್ ಮೆಟ್ರೋ ಇಳಿದು ನಾವು ಹಿಡಿದ ಈ-ರಿಕ್ಷಾದವನು "ರಜಿಯಾ ಗೊತ್ತು, ಗೊತ್ತು" ಅಂತ 200 ರೂಪಾಯಿ ಕಿತ್ತುಕೊಂಡು ಶಾ ತುರ್ಕಮಾನ್ ದರ್ಗಾದ ಹತ್ತಿರ ಇಳಿಸಿ ಹೋದ. ಗೇಟಿಗೆ ಹೆಸರು ಬಂದಿರುವುದು ಆ ಸೂಫಿಯಿಂದ. ಅದೂ ನೋಡುವಂಥದ್ದೇ, ಆದರೆ ನಾವು ಹೇಳಿದ್ದು ಅದಲ್ಲವಲ್ಲ! ರಿಕ್ಷಾ ಆ ಗಲ್ಲಿಗಳೊಳಗೆ ಹೋಗುವುದೇ ಇಲ್ಲ. ಗೇಟಿನ ತನಕ ರೇಟು ಮಾತಾಡಿ, ಅಲ್ಲಿಂದ ನಡೆಯಿರಿ. ಮೊಬೈಲಿನ ನಕಾಶೆಯನ್ನು ನಂಬಬೇಡಿ, ಅದು ನಮ್ಮನ್ನು ಯಾರದೋ ಮನೆಯ ಹಿತ್ತಲಿಗೆ ಕರೆದೊಯ್ದಿತು. ಅಂಗಡಿಯವರನ್ನು ಬುಲ್ಬುಲಿ ಖಾನಾ ಎಂದೇ ಕೇಳಿ.

ಆ ಗಲ್ಲಿಯಲ್ಲಿ ಎದುರಿಗೆ ಬೈಕ್ ಬಂದರೆ ಗೋಡೆಗೆ ಅಂಟಿಕೊಳ್ಳಬೇಕು. ತಲೆಯ ಮೇಲೆ ಕರೆಂಟಿನ ತಂತಿಗಳ ಗೋಜಲು. ಕೊನೆಗೆ ಪುರಾತತ್ವ ಇಲಾಖೆಯ ಕಲ್ಲಿನ ಫಲಕ ಕಂಡಿತು. ಒಳಗೆ ಹೋದರೆ ಚಾವಣಿಯಿಲ್ಲದ ಒಂದು ಅಂಗಳ. ಕೆತ್ತನೆಯಿಲ್ಲ, ಗುಮ್ಮಟವಿಲ್ಲ, ಟಿಕೆಟ್ಟಿಲ್ಲ. ಒರಟು ಕಲ್ಲಿನ ಎರಡು ಗೋರಿಗಳು ಪಕ್ಕಪಕ್ಕದಲ್ಲಿವೆ. ಸುತ್ತ ನಾಲ್ಕೂ ಕಡೆ ಮನೆಗಳು ಎಷ್ಟು ಎತ್ತರಕ್ಕೆ ಎದ್ದಿವೆಯೆಂದರೆ, ಬಾವಿಯ ತಳದಲ್ಲಿ ನಿಂತ ಹಾಗಾಗುತ್ತದೆ. ಕಿಟಕಿಯೊಂದರಿಂದ ಕುಕ್ಕರ್ ಸೀಟಿ ಕೇಳುತ್ತಿತ್ತು.

ಎರಡನೇ ಗೋರಿ ತಂಗಿ ಸಾಜಿಯಾಳದು ಎನ್ನುತ್ತಾರೆ. ರಜ್ಜಿ-ಸಜ್ಜಿಯ ದರ್ಗಾ ಅಂತ ಕರೆಯುವುದೂ ಉಂಟು. ನಾನು ಇದನ್ನು ವೈನಿಗೆ ಹೇಳುತ್ತಿದ್ದಾಗಲೇ ಕಾಲೇಜು ಹುಡುಗ ಹುಡುಗಿಯರ ಗುಂಪೊಂದು ಬಂತು. ಅಲ್ಲೇ ಮೆಟ್ಟಿಲ ಮೇಲೆ ಬಟಾಣಿ ಸುಲಿಯುತ್ತ ಕೂತಿದ್ದ ವಯಸ್ಸಾದ ಹೆಂಗಸನ್ನು ಒಬ್ಬ ಹುಡುಗ ಕೇಳಿದ: "ಇನ್ನೊಂದು ಯಾಕೂತ್‌ನದು ಅಲ್ವಾ?"

ಆಕೆ ತಲೆ ಎತ್ತಲಿಲ್ಲ. "ಅಲ್ಲ."

"ಮತ್ತೆ ಸಿನಿಮಾದಲ್ಲಿ..."

"ಸಿನಿಮಾದವರು ಹೂತಿದ್ದರೆ ಅವರನ್ನೇ ಕೇಳು."

ಅವರು ಫೋಟೋ ತೆಗೆದುಕೊಂಡು ಹೋದರು. ನಾನು ಹತ್ತಿರ ಹೋಗಿ ಕೂತೆ. ನಮ್ಮ ಕಲಬುರಗಿಯ ದಖನಿ ಉರ್ದು ಕೇಳಿ ಆಕೆಗೆ ನಗು ಬಂತು. ನಾನು "ನಕ್ಕೋ ಖಾಲಾ" (ಬೇಡ ಚಿಕ್ಕಮ್ಮ) ಅಂದಾಗಲೆಲ್ಲ ನಗುತ್ತಿದ್ದರು. ಮದುವೆಯಾಗಿ ಈ ಗಲ್ಲಿಗೆ ಬಂದವರಂತೆ. ಬರುವ ಜನ ಕೇಳುವುದು ಅದೊಂದೇ ಪ್ರಶ್ನೆ ಎಂದರು. ಎಷ್ಟು ವರ್ಷ ಆಳಿದಳು ಅಂತ ಯಾರೂ ಕೇಳಲ್ಲ, ಯಾಕೂತ್ ಎಲ್ಲಿ ಅಂತ ಕೇಳುತ್ತಾರೆ.

"ನೀವು ಸಿನಿಮಾ ನೋಡಿದ್ದೀರಾ ಖಾಲಾ?" ಎಂದರು ವೈನಿ.

"ಹಾಡು ನೋಡಿದ್ದೇನೆ. ಒಂಟೆ ಮೇಲೆ ಕೂತು ಮರಳಲ್ಲಿ ಹೋಗ್ತಾಳಲ್ಲ. ಚೆಂದ ಇದೆ. ಆದರೆ ದೆಹಲಿ ಬಿಟ್ಟು ಅಲ್ಲಿ ಅವಳಿಗೇನು ಕೆಲಸ?"

ವೈನಿ ಸುಮ್ಮನಾದರು. ಬಟಾಣಿ ಸುಲಿಯಲು ಕೈ ಹಾಕಿದರು.

ಖಾಲಾ ಕೇಳಿದ್ದು ಸರಿಯಾಗಿದೆ. ರಜಿಯಾ ಆಳಿದ್ದು 1236ರಿಂದ 1240ರ ತನಕ. ಪರದೆ ಬಿಟ್ಟು, ಗಂಡಸರ ನಿಲುವಂಗಿ, ಟೋಪಿ ಹಾಕಿ ದರ್ಬಾರಿಗೆ ಬಂದಳು. ಆನೆಯ ಮೇಲೆ ಊರೊಳಗೆ ಎಲ್ಲರ ಕಣ್ಣೆದುರೇ ಸವಾರಿ ಮಾಡಿದಳು. ತುರ್ಕಿ ಅಮೀರರ ಜುಟ್ಟು ಹಿಡಿಯಲು ಅವರ ಗುಂಪಿನ ಹೊರಗಿನ ಯಾಕೂತ್‌ನನ್ನು ಕುದುರೆಲಾಯದ ಮುಖ್ಯಸ್ಥನನ್ನಾಗಿ ಮಾಡಿದಳು. ಅದು ರಾಜಕೀಯದ ನಡೆ. ಅವಳ ಕಾಲದಲ್ಲೇ ಇದ್ದ ಇತಿಹಾಸಕಾರ ಮಿನ್ಹಾಜ್ ಪ್ರೇಮದ ಮಾತೇ ಎತ್ತುವುದಿಲ್ಲ, ಅಮೀರರು ಹೊಟ್ಟೆಕಿಚ್ಚು ಪಟ್ಟರು ಎನ್ನುತ್ತಾನೆ ಅಷ್ಟೇ. ಕುದುರೆ ಹತ್ತಿಸುವಾಗ ಕಂಕುಳಿಗೆ ಕೈ ಕೊಡುತ್ತಿದ್ದ ಎಂಬ ಗುಸುಗುಸು ಆಮೇಲೆ ಬರೆದವರದು. ಸಿನಿಮಾ ಹಿಡಿದುಕೊಂಡಿದ್ದು ಆ ಕಂಕುಳನ್ನೇ.

ಹಾಗಂತ ಮಿನ್ಹಾಜ್ ಏನೂ ಸಾಚಾ ಅಲ್ಲ. ದೆಹಲಿಯ ನಾಸಿರಿಯಾ ಮದರಸಾದ ಉಸ್ತುವಾರಿಯನ್ನು ಅವನಿಗೆ ಕೊಟ್ಟವಳೇ ಅವಳು. ಜಾಣೆ, ನ್ಯಾಯವಂತೆ, ಸೈನ್ಯ ನಡೆಸುವವಳು ಎಂದೆಲ್ಲ ಹೊಗಳಿ, ಗಂಡಾಗಿ ಹುಟ್ಟದ ಮೇಲೆ ಈ ಗುಣಗಳಿಂದ ಏನು ಬಂತು ಎಂದುಬಿಡುತ್ತಾನೆ. ನೂರು ವರ್ಷದ ಮೇಲೆ ಇಸಾಮಿ ಎಂಬ ಕವಿ ಬಂದ. ಹೆಂಗಸು ಚರಕದ ಮುಂದೆ ಕೂತರೆ ಸಾಕು ಎಂದು ಪದ್ಯ ಕಟ್ಟಿದವನು. 1350ರ ಆ ಕಾವ್ಯವನ್ನು ಅವನು ಅರ್ಪಿಸಿದ್ದು ಬಹಮನಿಯ ಮೊದಲ ಸುಲ್ತಾನನಿಗೆ, ಅಂದರೆ ನಮ್ಮ ಕಲಬುರಗಿಯಿಂದ ಆಳಿದವನಿಗೆ. ಇದನ್ನು ಖಾಲಾಗೆ ಹೇಳಿದೆ. "ನಿಮ್ಮೂರಿನವರಾ!" ಅಂತ ಬಟಾಣಿ ಸಿಪ್ಪೆಯನ್ನು ನನ್ನ ಕಡೆಗೇ ಎಸೆದರು.

ಬಂಡಾಯ ಎದ್ದಾಗ ಯಾಕೂತ್‌ನನ್ನು ಕೊಂದರು, ರಜಿಯಾಳನ್ನು ಬಠಿಂಡಾದಲ್ಲಿ ಸೆರೆಯಿಟ್ಟರು. ಸೆರೆ ಹಿಡಿದ ಅಲ್ಲಿನ ಅಧಿಕಾರಿ ಅಲ್ತೂನಿಯಾನನ್ನೇ ಮದುವೆಯಾಗಿ, ಸೈನ್ಯ ಕಟ್ಟಿ ಮತ್ತೆ ದೆಹಲಿಯ ಮೇಲೆ ಬಂದಳು. ನನಗೆ ಅವಳ ಬದುಕಿನಲ್ಲಿ ಅತ್ಯಂತ ಗಟ್ಟಿ ಭಾಗ ಇದು. ಸೋತು, ಈಗಿನ ಹರಿಯಾಣದ ಕೈತಲ್ ಹತ್ತಿರ ಸತ್ತಳು. ಅವಳ ಗೋರಿ ಯಮುನೆಯ ದಂಡೆಯಲ್ಲಿದೆ, ಜನ ಹರಕೆ ಹೊತ್ತು ಬರುತ್ತಾರೆ ಎಂದು ಮುಂದಿನ ಶತಮಾನದಲ್ಲಿ ಪ್ರವಾಸಿ ಇಬ್ನ್ ಬತೂತಾ ಬರೆದ. ಈಗ ಅಲ್ಲಿಂದ ಹೊಳೆ ಕಾಣುವುದಿಲ್ಲ. ಹರಕೆಯವರು ಬರುತ್ತಾರಾ ಎಂದು ಖಾಲಾರನ್ನು ಕೇಳಿದೆ. ಗುರುವಾರ ಒಬ್ಬಿಬ್ಬರು ಅಗರಬತ್ತಿ ಹಚ್ಚುತ್ತಾರಂತೆ, ಹೆಂಗಸರೇ ಜಾಸ್ತಿ.

ಹೊರಡುವಾಗ ಖಾಲಾ ಚಹಾ ಕೊಟ್ಟರು. ಜಾಮಾ ಮಸೀದಿ ಪಕ್ಕದ ಹೋಟೆಲಲ್ಲಿ ಕುಡಿದ ಸಕ್ಕರೆ ಪಾಕಕ್ಕಿಂತ ನೂರು ಪಾಲು ಮೇಲು. ಕೈತಲ್‌ನಲ್ಲೂ ರಜಿಯಾಳದು ಎನ್ನುವ ಗೋರಿ ಇದೆ, ನಾಳೆ ಹೋಗೋಣವೇ ಎಂದೆ. ಕರೋಲ್ ಬಾಗ್ ಪೇಟೆ ಬಿಟ್ಟು ಬೇರೆಲ್ಲೂ ಬರಲ್ಲ ಎಂದು ವೈನಿ ಖಡಾಖಂಡಿತ ಹೇಳಿದರು.